ಕೊಡುವ ಅಪ್ಪ, ಕೇಳುವ ಮಗಳು: ಟೋಂಗಾದ ಒಂದು ಮನೆಯ ಸಿನಿಮಾ

ಸಿನಿಮಾದ ವಿಷಯಕ್ಕೆ ಬರುವ ಮುಂಚೆ ಎರಡು ಅಂಕಿ ಹೇಳಿಬಿಡುತ್ತೇನೆ. ಟೋಂಗಾ ದಕ್ಷಿಣ ಪೆಸಿಫಿಕ್ ಸಾಗರದ ಒಂದು ಪುಟ್ಟ ರಾಜ್ಯ. ಸುಮಾರು 170 ದ್ವೀಪಗಳಿವೆ, ಜನ ವಾಸ ಮಾಡುವುದು ಅದರಲ್ಲಿ ಕಾಲುಭಾಗದಷ್ಟರಲ್ಲಿ ಮಾತ್ರ. 2021ರ ಜನಗಣತಿಯಲ್ಲಿ ಅಲ್ಲಿದ್ದವರು ಒಂದು ಲಕ್ಷ ಜನ. ಇನ್ನೊಂದು ಅಂಕಿ ನ್ಯೂಜಿಲೆಂಡಿನದು. 2023ರ ಗಣತಿಯಲ್ಲಿ ತಾವು ಟೋಂಗನ್ನರು ಅಂತ ಬರೆಸಿದವರು ಅಲ್ಲಿ 97 ಸಾವಿರ ದಾಟಿದ್ದಾರೆ. ಆಸ್ಟ್ರೇಲಿಯಾ, ಹವಾಯಿ, ಕ್ಯಾಲಿಫೋರ್ನಿಯಾ, ಯೂಟಾ ಎಲ್ಲ ಸೇರಿಸಿದರೆ ದೇಶದ ಒಳಗಿರುವವರಿಗಿಂತ ಹೊರಗಿರುವವರೇ ಜಾಸ್ತಿ. ಹೊರಗಿರುವವರು ಊರಿಗೆ ಕಳಿಸುವ ಹಣ ಟೋಂಗಾದ ಒಟ್ಟು ಆದಾಯದ ಶೇಕಡಾ 40ರ ಆಸುಪಾಸು ಬರುತ್ತದೆ. ಜಗತ್ತಿನಲ್ಲಿ ಇಷ್ಟು ದೊಡ್ಡ ಪಾಲು ಹೀಗೆ ಬರುವ ದೇಶಗಳು ಬೆರಳೆಣಿಕೆಯಷ್ಟು. ಅಂದರೆ ಆಕ್ಲೆಂಡಿನ ಕಾರ್ಖಾನೆಯಲ್ಲಿ ರಾತ್ರಿ ಪಾಳಿ ಮಾಡುವ ಒಬ್ಬ ಅಪ್ಪನ ಸಂಬಳದ ಮೇಲೆ, ಸಾವಿರ ಮೈಲಿಗೂ ಆಚೆಗಿನ ಒಂದು ದೇಶ ನಿಂತಿದೆ. ಇದನ್ನು ನೆನಪಿಟ್ಟುಕೊಂಡು ಕೇಳಿ.

ವೇಯಾ ಮಾಫಿಲೆಓ ಅಂತ ಒಬ್ಬ ನಿರ್ದೇಶಕಿ. ಟೋಂಗಾ ಮೂಲದವರು, ನ್ಯೂಜಿಲೆಂಡಿನಲ್ಲಿ ಕೆಲಸ ಮಾಡುವವರು. 2019ರಲ್ಲಿ ಜೆರೆಮಾಯ ತಾವಮಿತಿ ಅವರ ಜೊತೆ ಸೇರಿ 'ಫಾರ್ ಮೈ ಫಾದರ್ಸ್ ಕಿಂಗ್‌ಡಂ' ಅನ್ನುವ ಸಾಕ್ಷ್ಯಚಿತ್ರ ಮಾಡಿದರು. ಆ ವರ್ಷ ಬರ್ಲಿನ್ ಚಿತ್ರೋತ್ಸವದಲ್ಲಿ ಅದು ತೆರೆ ಕಂಡಿತು. ಕಥೆ ಅವರ ಸ್ವಂತ ಅಪ್ಪನದು. ಹೆಸರು ಸಾಯಾ. ಪಿಂಚಣಿ ವಯಸ್ಸಿನ ಮನುಷ್ಯ. ಕೈಗೆ ಬಂದದ್ದನ್ನೆಲ್ಲ ಚರ್ಚಿಗೆ ಕೊಡುತ್ತಾರೆ. ಇಷ್ಟು ವರ್ಷ ಕೊಟ್ಟದ್ದರಿಂದ ಮನೆಯವರಿಗೆ ಆದ ನೋವು, ಸಿಟ್ಟು, ಆದರೂ ಹೋಗದ ಪ್ರೀತಿ, ಇದೇ ಚಿತ್ರ. ಪರಿಚಯ ಬರೆಯುವವರು 'ನಂಬಿಕೆ, ಕುಟುಂಬ, ಸಂಸ್ಕೃತಿ' ಅಂತ ಮೂರು ಪದ ಹಾಕಿ ಮುಗಿಸುತ್ತಾರೆ. ನನಗೆ ಅದು ಸಾಲದು. ಈ ಮನೆಯಲ್ಲಿ ಅವು ಮೂರು ಬೇರೆ ಬೇರೆ ವಿಷಯಗಳೇ ಅಲ್ಲ. ಅಪ್ಪ ಚರ್ಚಿನ ಮೇಜಿನ ಮೇಲೆ ಇಡುವ ಒಂದು ನೋಟಿನಲ್ಲಿ ಮೂರೂ ಇವೆ. ಇವತ್ತು ನಾನು ಮಾತಾಡಬೇಕು ಅಂದುಕೊಂಡಿರುವುದು ಆ ನೋಟಿನ ಬಗ್ಗೆ, ಮತ್ತು ಅದನ್ನು ಪ್ರಶ್ನಿಸುವ ಹಕ್ಕು ಯಾರಿಗಿದೆ ಅನ್ನುವುದರ ಬಗ್ಗೆ.

ಆ ಕೊಡುವ ದಿನಕ್ಕೆ ಟೋಂಗನ್ನರು ಮಿಸಿನಾಲೆ ಅನ್ನುತ್ತಾರೆ. ವರ್ಷಕ್ಕೊಮ್ಮೆ ಬರುವ ಕಾಣಿಕೆಯ ದಿನ. ಹೇಗಿರುತ್ತದೆ ಅಂತ ಸ್ವಲ್ಪ ಹತ್ತಿರದಿಂದ ನೋಡೋಣ. ಚರ್ಚಿನ ಹಾಲ್ ತುಂಬ ಜನ. ಎಲ್ಲರೂ ಒಳ್ಳೆ ಬಟ್ಟೆ ಹಾಕಿ, ಸೊಂಟಕ್ಕೆ ತಾಒವಾಲಾ ಸುತ್ತಿಕೊಂಡು ಬಂದಿರುತ್ತಾರೆ. ಅದು ಹೆಣೆದ ಚಾಪೆ. ಹಳೆಯದಾಗಿ, ಅಂಚು ಹರಿದಿದ್ದರೆ ಅದಕ್ಕೆ ಇನ್ನೂ ಗೌರವ ಜಾಸ್ತಿ, ಏಕೆಂದರೆ ಅದು ಅಜ್ಜನ ಕಾಲದ್ದು ಅಂತ ಅರ್ಥ. ಮುಂದೆ ಒಂದು ಮೇಜು. ಮೇಜಿನ ಹಿಂದೆ ಲೆಕ್ಕ ಬರೆಯುವವರು. ಮೈಕಿನಲ್ಲಿ ಒಂದೊಂದೇ ಕುಟುಂಬದ ಹೆಸರು ಕರೆಯುತ್ತಾರೆ. ಮನೆಯ ಯಜಮಾನ ಎದ್ದು ಹೋಗಿ ದುಡ್ಡು ಇಡುತ್ತಾನೆ. ಎಣಿಸುತ್ತಾರೆ. ಮೊತ್ತವನ್ನು ಎಲ್ಲರಿಗೂ ಕೇಳುವ ಹಾಗೆ ಹೇಳುತ್ತಾರೆ. ಚಪ್ಪಾಳೆ, ಹಾಡು.

ಇಂಥ ಸಭೆಗಳಲ್ಲಿ ಎಷ್ಟೋ ಕಡೆ ಕುಣಿತವೂ ಇರುತ್ತದೆ. ಒಬ್ಬ ಹುಡುಗಿ ಮೈಗೆ ತೆಂಗಿನೆಣ್ಣೆ ಹಚ್ಚಿಕೊಂಡು ತೌಓಲುಂಗಾ ಅನ್ನುವ ಕುಣಿತ ಕುಣಿಯುತ್ತಾಳೆ. ಕೈಗಳ ಚಲನೆಯೇ ಮುಖ್ಯ, ತಲೆ ಸ್ವಲ್ಪ ಓರೆ, ಮುಖದಲ್ಲಿ ನಗು. ನೆಂಟರು, ಪರಿಚಯದವರು ಎದ್ದು ಬಂದು ಅವಳ ತೋಳಿಗೆ ನೋಟು ಅಂಟಿಸುತ್ತಾರೆ. ಎಣ್ಣೆಗೆ ಅದು ಹಾಗೇ ಅಂಟಿಕೊಳ್ಳುತ್ತದೆ. ಕೆಲವು ಕೆಳಗೆ ಬೀಳುತ್ತವೆ, ಮಕ್ಕಳು ಆರಿಸಿ ಡಬ್ಬಿಗೆ ಹಾಕುತ್ತಾರೆ. ಅವಳು ಆ ದುಡ್ಡನ್ನು ನೋಡುವುದೂ ಇಲ್ಲ, ಕುಣಿಯುತ್ತಲೇ ಇರುತ್ತಾಳೆ. ಹೊರಗಿನವರಿಗೆ ಇದು ವಿಚಿತ್ರ ಅನಿಸಬಹುದು. ಒಳಗಿನವರಿಗೆ ಇದು ಸಂತೋಷ, ನಿಜವಾದ ಸಂತೋಷ.

ನಿಮ್ಮಲ್ಲಿ ಹಳ್ಳಿಯಿಂದ ಬಂದವರಿಗೆ ಇದು ಬೇಗ ಅರ್ಥವಾಗುತ್ತದೆ. ಮದುವೆಮನೆಯಲ್ಲಿ ಮುಯ್ಯಿ ಓದಿಸುವುದನ್ನು ನೀವು ನೋಡಿದ್ದೀರಿ. ಒಬ್ಬರು ಪುಸ್ತಕ ಹಿಡಿದು ಕೂತಿರುತ್ತಾರೆ. ಇಂಥವರಿಂದ ನೂರಾ ಒಂದು ರೂಪಾಯಿ ಅಂತ ಮೈಕಿನಲ್ಲಿ ಕೂಗುತ್ತಾರೆ. ಅಲ್ಲಿ ಓದುವುದು ಬರೀ ದುಡ್ಡಿನ ಲೆಕ್ಕವೇ? ಆ ಮನೆಗೂ ಈ ಮನೆಗೂ ಸಂಬಂಧ ಇದೆ ಅಂತ ಊರ ಮುಂದೆ ಹೇಳುವುದು ಅದು. ಮಿಸಿನಾಲೆಯಲ್ಲಿ ಆ ಸಂಬಂಧ ದೇವರ ಜೊತೆಗೂ ಇರುತ್ತದೆ, ಊರಿನ ಜೊತೆಗೂ ಇರುತ್ತದೆ. ಅಪ್ಪನ ಹೆಸರು ಕೂಗಿದಾಗ, ಅವನೊಬ್ಬನ ಹೆಸರಲ್ಲ, ಅವನ ಅಪ್ಪ, ಅಜ್ಜ, ಬಿಟ್ಟು ಬಂದ ದ್ವೀಪ, ಎಲ್ಲರ ಹೆಸರೂ ಒಟ್ಟಿಗೆ ಕೇಳಿಸುತ್ತದೆ. ಅವನು ಹಗಲೆಲ್ಲ ಕಸ ಗುಡಿಸುವ ಕೆಲಸದಲ್ಲಿರಬಹುದು. ಅಲ್ಲಿ ಅವನ ಹೆಸರನ್ನು ನೆಟ್ಟಗೆ ಉಚ್ಚರಿಸುವವರೂ ಇರುವುದಿಲ್ಲ. ಆ ಹಾಲಿನಲ್ಲಿ ಅವನು ದೊಡ್ಡ ಮನುಷ್ಯ.

ಈಗ ಅದೇ ಮನೆಯ ಮಕ್ಕಳ ಕಡೆಯಿಂದ ನೋಡಿ. ಮಿಸಿನಾಲೆ ಹತ್ತಿರ ಬಂದರೆ ಮನೆಯಲ್ಲಿ ದುಡ್ಡಿನ ಮಾತು ಶುರುವಾಗುತ್ತದೆ. ಬಾಡಿಗೆ ಬಾಕಿ ಇರಬಹುದು. ಕರೆಂಟ್ ಬಿಲ್ ಮೇಜಿನ ಮೇಲೆ ಬಿದ್ದಿರಬಹುದು. ಶಾಲೆಯ ಪ್ರವಾಸಕ್ಕೆ ದುಡ್ಡಿಲ್ಲ ಅಂತ ಹೇಳಿಸಿಕೊಂಡ ಮಗುವಿಗೆ, ಚರ್ಚಿನ ಹಾಲಿನಲ್ಲಿ ಅಪ್ಪನ ಹೆಸರಿನ ಜೊತೆ ದೊಡ್ಡ ಮೊತ್ತ ಕೇಳಿದಾಗ ಏನನಿಸಬೇಕು? ಕೆಲವರು ಸಾಲ ಮಾಡಿ ಕೊಡುತ್ತಾರೆ. ಆಕ್ಲೆಂಡಿನಲ್ಲಿ ಬೇಗ ಸಾಲ ಕೊಟ್ಟು ವಿಪರೀತ ಬಡ್ಡಿ ಹಾಕುವ ಅಂಗಡಿಗಳು ಪೆಸಿಫಿಕ್ ಜನ ಇರುವ ಬೀದಿಗಳಲ್ಲೇ ಸಾಲಾಗಿ ಕಾಣುತ್ತವೆ. ಚರ್ಚಿನ ಕಾಣಿಕೆಯ ಜೊತೆಗೆ ಸಾವು, ಮದುವೆ, ಊರಿನ ನೆಂಟರ ಫೀಸು, ಇವೆಲ್ಲ ಸೇರಿ ಕವೆಂಗಾ ಆಗುತ್ತದೆ. ಕವೆಂಗಾ ಅಂದರೆ ಹೊರಲೇಬೇಕಾದ ಹೊರೆ. ನ್ಯೂಜಿಲೆಂಡಿನಲ್ಲಿ ಹುಟ್ಟಿದ ಮಕ್ಕಳು ಇದನ್ನು ಕೇಳಿ ಕೇಳಿ ಬೆಳೆದವರು. ಅವರ ಸಿಟ್ಟು ಸುಮ್ನೆ ಬಂದದ್ದಲ್ಲ.

ಹಾಗಾದರೆ ಅಪ್ಪನದು ಮೂಢತನವೇ? ಅಷ್ಟು ಸುಲಭಕ್ಕೆ ಹೇಳಬೇಡಿ. ಟೋಂಗಾದ ಇತಿಹಾಸ ಸ್ವಲ್ಪ ತಿಳಿಯಬೇಕು. ತೌಫಾಹೌ ಅನ್ನುವ ನಾಯಕ 1831ರಲ್ಲಿ ದೀಕ್ಷಾಸ್ನಾನ ಪಡೆದ. 1839ರಲ್ಲಿ ವವಾಉ ದ್ವೀಪದ ಪೌಓನೋ ಅನ್ನುವ ಜಾಗದಲ್ಲಿ ಒಂದು ಹಿಡಿ ಮಣ್ಣೆತ್ತಿ, ಈ ನೆಲವನ್ನು, ಜನವನ್ನು ದೇವರ ರಕ್ಷಣೆಗೆ ಒಪ್ಪಿಸಿದ್ದೇನೆ ಅಂದ ಅಂತ ಜನ ಇವತ್ತಿಗೂ ಹೇಳುತ್ತಾರೆ. ಆಗಿನ್ನೂ ಅವನು ಇಡೀ ಟೋಂಗಾದ ರಾಜನಾಗಿರಲಿಲ್ಲ. ಆಮೇಲೆ ಒಂದನೇ ಜಾರ್ಜ್ ತುಪೌ ಆದ. 1862ರಲ್ಲಿ ಅವನೇ, ಸಾಮಾನ್ಯ ಜನರನ್ನು ಪಾಳೆಯಗಾರರ ಜೀತದಿಂದ ಬಿಡಿಸುವ ಕಾನೂನು ತಂದ. 1875ರಲ್ಲಿ ಸಂವಿಧಾನ ಬಂತು. ಭಾನುವಾರ ಪವಿತ್ರ ದಿನ ಅಂತ ಆ ಸಂವಿಧಾನದಲ್ಲೇ ಬರೆದಿದೆ. ಇವತ್ತಿಗೂ ರಾಜಧಾನಿ ನುಕುಅಲೋಫಾದಲ್ಲಿ ಭಾನುವಾರ ಅಂಗಡಿ ಬಾಗಿಲು ಹಾಕಿರುತ್ತವೆ, ಆಟೋಟ ಇಲ್ಲ. ಬೀದಿಯಲ್ಲಿ ಕೇಳುವುದು ಚರ್ಚುಗಳ ಹಾಡು ಮಾತ್ರ. ದೇವರು ಮತ್ತು ಟೋಂಗಾ ನನ್ನ ಪಿತ್ರಾರ್ಜಿತ, ಇದು ದೇಶದ ಧ್ಯೇಯವಾಕ್ಯ.

ಇಲ್ಲಿ ಒಂದು ಮಾತು ಗಟ್ಟಿಯಾಗಿ ಹೇಳಬೇಕು. ಕ್ರೈಸ್ತ ಧರ್ಮ ಬಿಳಿಯರು ಹೇರಿದ್ದು, ಅದನ್ನು ಕಳಚಿದರೆ ಕೆಳಗೆ 'ನಿಜವಾದ' ಟೋಂಗಾ ಸಿಗುತ್ತದೆ ಅನ್ನುವವರಿದ್ದಾರೆ. ಮಿಷನರಿಗಳು ಬಂದದ್ದು ನಿಜ, ಹಳೆಯ ದೇವರುಗಳು ಹೋದದ್ದೂ ನಿಜ. ಆದರೆ ಟೋಂಗಾ ಯಾವತ್ತೂ ಪೂರ್ತಿ ವಸಾಹತು ಆಗಲಿಲ್ಲ. 1900ರಿಂದ 1970ರವರೆಗೆ ಬ್ರಿಟನ್ನಿನ ರಕ್ಷಣೆಯಲ್ಲಿತ್ತು, ತನ್ನ ರಾಜಮನೆತನ ಮಾತ್ರ ಉಳಿಸಿಕೊಂಡೇ ಇತ್ತು. ಒಬ್ಬ ಸಾಮಾನ್ಯ ರೈತನ ಮೊಮ್ಮಗನಿಗೆ ಅಜ್ಜನ ಬಿಡುಗಡೆ, ಓದು, ಚರ್ಚು ಒಂದೇ ಕಾಲದಲ್ಲಿ ಬಂದವು. ಟೋಂಗಾದ ಪ್ರೌಢಶಾಲೆಗಳಲ್ಲಿ ಹೆಚ್ಚಿನವು ಇವತ್ತಿಗೂ ಚರ್ಚುಗಳವೇ. ತುಪೌ ಕಾಲೇಜು 1866ರಲ್ಲೇ ಶುರುವಾಯಿತು. ಯಾರೋ ಹಿಂದಿನವರು ಕೊಟ್ಟ ಕಾಣಿಕೆಯಲ್ಲಿ ಓದಿದವನು ತಾನು ಕೊಡದೆ ಇರುವುದು ಹೇಗೆ? ಅಪ್ಪನ ತಲೆಯಲ್ಲಿರುವ ಲೆಕ್ಕ ಇದು. ಇದರಲ್ಲಿ ಮೂಢತನ ಎಲ್ಲಿದೆ ಹೇಳಿ?

ಊರು ಬಿಟ್ಟದ್ದು ಯಾಕೆ ಅನ್ನುವುದೂ ಈ ಕಥೆಗೆ ಬೇಕು. ಟೋಂಗಾದಲ್ಲಿ ಭೂಮಿ ಎಲ್ಲ ರಾಜನದು. 16 ವರ್ಷ ತುಂಬಿದ ಪ್ರತಿ ಗಂಡಸಿಗೂ ಎಂಟೂಕಾಲು ಎಕರೆ ಸಾಗುವಳಿ ಭೂಮಿ, ಊರೊಳಗೆ ಒಂದು ಮನೆ ಜಾಗ ಸಿಗಬೇಕು ಅಂತ ಕಾನೂನು. ಹೆಣ್ಣುಮಕ್ಕಳಿಗೆ ಆ ಹಕ್ಕಿಲ್ಲ. ಜನ ಹೆಚ್ಚಾದ ಹಾಗೆ ಗಂಡಸರಿಗೂ ಭೂಮಿ ಸಾಲದೆ ಹೋಯಿತು. ಅದೇ ಹೊತ್ತಿಗೆ ನ್ಯೂಜಿಲೆಂಡಿನ ಕಾರ್ಖಾನೆಗಳಿಗೆ ಆಳು ಬೇಕಿತ್ತು. ಬನ್ನಿ ಅಂದರು, ಬಂದರು. 1970ರ ದಶಕದಲ್ಲಿ ತೈಲದ ಬೆಲೆ ಏರಿ, ಕೆಲಸ ಕಮ್ಮಿಯಾದಾಗ, ಅದೇ ಜನ ಬೇಡವಾದರು. 1974ರಿಂದ 1976ರವರೆಗೆ ಬೆಳಗಿನ ಜಾವ ಪೊಲೀಸರು ಪೆಸಿಫಿಕ್ ಜನರ ಮನೆಗಳ ಬಾಗಿಲು ಬಡಿದರು, ವೀಸಾ ತೋರಿಸಿ ಅಂದರು. ಮಕ್ಕಳ ಕಣ್ಣೆದುರೇ ಅಪ್ಪಂದಿರನ್ನು ಎಳೆದುಕೊಂಡು ಹೋದರು. ವೀಸಾ ಮುಗಿದ ಮೇಲೂ ಉಳಿದ ಇಂಗ್ಲಿಷರು, ಅಮೆರಿಕನ್ನರು ಬೇಕಾದಷ್ಟಿದ್ದರು, ಅವರ ಬಾಗಿಲು ಯಾರೂ ಬಡಿಯಲಿಲ್ಲ. ಇದಕ್ಕೆ ಸರ್ಕಾರ ಕ್ಷಮೆ ಕೇಳಿದ್ದು 2021ರ ಆಗಸ್ಟ್ 1ರಂದು. ಆಕ್ಲೆಂಡ್ ಟೌನ್ ಹಾಲಿನಲ್ಲಿ ಪ್ರಧಾನಿ ಜಸಿಂಡಾ ಆರ್ಡರ್ನ್ ಸಮೋವಾ ದ್ವೀಪದವರು ಕ್ಷಮೆ ಕೇಳುವ ಕ್ರಮದಂತೆ ಹೆಣೆದ ಚಾಪೆಯ ಕೆಳಗೆ ಕೂತರು. ನಡುವೆ ನಲವತ್ತೈದು ವರ್ಷ. ಅಷ್ಟೂ ವರ್ಷ ಆ ಜನಕ್ಕೆ ನೀವು ನಮ್ಮವರು ಅಂತ ಹೇಳಿದ್ದು ಚರ್ಚು. ಕೆಲಸ ಹುಡುಕಿಕೊಟ್ಟದ್ದು, ಬಾಡಿಗೆ ಮನೆ ತೋರಿಸಿದ್ದು, ಹೆಣ ಹೊರಲು ಬಂದದ್ದು ಅಲ್ಲಿಯ ಜನ.

ಕ್ಯಾಮೆರಾದ ವಿಷಯಕ್ಕೆ ಬರುತ್ತೇನೆ. ಟೋಂಗಾ ಜಗತ್ತಿನ ತೆರೆಯ ಮೇಲೆ ದೊಡ್ಡದಾಗಿ ಕಂಡದ್ದು 1953ರಲ್ಲಿ, ರಾಣಿ ಎಲಿಜಬೆತ್ ಪಟ್ಟಾಭಿಷೇಕದ ಮೆರವಣಿಗೆಯಲ್ಲಿ. ಜೋರು ಮಳೆ. ಉಳಿದ ಅತಿಥಿಗಳು ಗಾಡಿಯ ಛಾವಣಿ ಮುಚ್ಚಿಸಿಕೊಂಡರೆ, ಟೋಂಗಾದ ರಾಣಿ ಸಲೋಟೆ ಛಾವಣಿ ತೆಗೆಸಿ, ನೆನೆಯುತ್ತ, ನಗುತ್ತ, ಜನರಿಗೆ ಕೈ ಬೀಸುತ್ತ ಹೋದರು. ಲಂಡನ್ನಿನ ಜನ ಮನಸೋತರು. ಸಲೋಟೆ ದೊಡ್ಡ ಕವಿ, ಅವರು ಕಟ್ಟಿದ ಹಾಡು ಕುಣಿತಗಳನ್ನು ಟೋಂಗಾದವರು ಈಗಲೂ ಹಾಡಿ ಕುಣಿಯುತ್ತಾರೆ. ಪತ್ರಿಕೆಗಳಿಗೆ ಅದು ಬೇಕಿರಲಿಲ್ಲ, ಮಳೆಯಲ್ಲಿ ನೆನೆದ ಎತ್ತರದ ಹೆಂಗಸು ಸಾಕಿತ್ತು. ಮುಂದೆ 1975ರ ಚುನಾವಣೆಯಲ್ಲಿ ನ್ಯೂಜಿಲೆಂಡಿನ ನ್ಯಾಷನಲ್ ಪಕ್ಷ ಟಿವಿಯಲ್ಲಿ ಒಂದು ಕಾರ್ಟೂನ್ ಜಾಹೀರಾತು ಹಾಕಿತು. ಅದರಲ್ಲಿ ದ್ವೀಪಗಳಿಂದ ಬಂದ ಕಂದು ಬಣ್ಣದವರು ಕೆಲಸ ಸಿಗದೆ ಜಗಳಕ್ಕೆ ನಿಲ್ಲುವವರು. ಒಂದು ಕಡೆ ನಗುವ ರಾಣಿ, ಇನ್ನೊಂದು ಕಡೆ ಗುದ್ದುವ ಆಳು. ಎರಡೂ ಬೇರೆಯವರ ಕ್ಯಾಮೆರಾ, ಬೇರೆಯವರ ಕುಂಚ.

ಈಗ ಮಗಳೊಬ್ಬಳು ಅಪ್ಪನ ಕಡೆಗೆ ಕ್ಯಾಮೆರಾ ತಿರುಗಿಸುತ್ತಾಳೆ. ಅಪ್ಪನ ಸಾಲ ತೋರಿಸಿದರೆ, ನೋಡಿದಿರಾ ಇವರು ಹೀಗೇ ಅನ್ನಲು ಹೊರಗಿನವರು ಕಾದು ಕೂತಿದ್ದಾರೆ. ತೋರಿಸದೆ ಹೋದರೆ, ಮನೆಯಲ್ಲಿ ನೊಂದವರಿಗೆ ಮೋಸ. ಇಬ್ಬರು ನೋಡುಗರನ್ನು ಒಟ್ಟಿಗೆ ಎದುರಿಗಿಟ್ಟುಕೊಂಡು ಚಿತ್ರ ಮಾಡುವ ಕಷ್ಟ ಇದು. ಹೊರಗಿನ ಒಬ್ಬ ವರದಿಗಾರ ಇದೇ ವಿಷಯದ ಮೇಲೆ ಕಾರ್ಯಕ್ರಮ ಮಾಡಿದ್ದರೆ, ಪಾದ್ರಿಯ ಕಾರಿನ ಬೆಲೆ ತೋರಿಸಿ, ಬಡವರ ಮನೆಯ ಖಾಲಿ ಫ್ರಿಜ್ ತೋರಿಸಿ ಮುಗಿಸುತ್ತಿದ್ದ. ತಪ್ಪು ಅನ್ನಲಾರೆ. ಆದರೆ ಆ ಅಪ್ಪ ಯಾಕೆ ಕೊಡುತ್ತಾನೆ ಅನ್ನುವುದು ಅದರಲ್ಲಿ ಯಾವತ್ತೂ ಬರುತ್ತಿರಲಿಲ್ಲ.

ಇನ್ನೂ ಒಂದು ಸೂಕ್ಷ್ಮ ಇದೆ, ದಯವಿಟ್ಟು ಗಮನ ಕೊಡಿ. ಟೋಂಗಾದ ಮನೆಗಳಲ್ಲಿ ಅಪ್ಪನ ಮೈ ಅಂದರೆ ಮಡಿ ಇದ್ದ ಹಾಗೆ. ಮಕ್ಕಳು ಅಪ್ಪನ ತಲೆ ಮುಟ್ಟುವಂತಿಲ್ಲ, ಅವನು ತಿಂದು ಬಿಟ್ಟದ್ದನ್ನು ತಿನ್ನುವಂತಿಲ್ಲ, ಇದು ಹಳೆಯ ಕಟ್ಟಳೆ. ಎಲ್ಲರ ಮನೆಯಲ್ಲೂ ಈಗ ಅಷ್ಟು ಬಿಗಿ ಇಲ್ಲ, ಆದರೆ ಅದರ ನೆನಪು ಎಲ್ಲರಿಗೂ ಇದೆ. ಅಪ್ಪನಿಗಿಂತ ಮೇಲಿನ ಸ್ಥಾನ ಸೋದರತ್ತೆಯದು. ಅವಳ ಮಾತು ಮೀರುವಂತಿಲ್ಲ, ಮದುವೆ ಸಾವುಗಳಲ್ಲಿ ಅವಳಿಗೇ ಮೊದಲ ಮರ್ಯಾದೆ. ಅಣ್ಣ ತಂಗಿಯರು ದೊಡ್ಡವರಾದ ಮೇಲೆ ಒಂದೇ ಕೋಣೆಯಲ್ಲಿ ಕೂತು ಟಿವಿ, ಸಿನಿಮಾ ನೋಡುವುದಿಲ್ಲ. ತೆರೆಯ ಮೇಲೆ ಏನಾದರೂ ನಾಚಿಕೆಯ ದೃಶ್ಯ ಬಂದರೆ ಒಬ್ಬರಿಗೊಬ್ಬರು ಮುಖ ತೋರಿಸುವುದು ಹೇಗೆ ಅನ್ನುವ ಸಂಕೋಚ ಅದು. ಈಗ ಯೋಚಿಸಿ, ಇಂಥ ಸಮಾಜದಲ್ಲಿ ಒಬ್ಬ ಮಗಳು ಅಪ್ಪನ ಮುಖದ ಕ್ಲೋಸಪ್ ತೆಗೆಯಬೇಕು. ಲೆನ್ಸು ತಲೆಗೆ ಎಷ್ಟು ಹತ್ತಿರ ಹೋಗಬಹುದು? ಅಪ್ಪನ ದುಡ್ಡಿನ ಬಗ್ಗೆ ಒಡಹುಟ್ಟಿದವರು ಆಡಿದ ಮಾತನ್ನು ಅಪ್ಪನೇ ಕೂತು ನೋಡುವ ತೆರೆಗೆ ತರಬೇಕು. ನಮ್ಮ ಸಿನಿಮಾ ಪಾಠಗಳಲ್ಲಿ ಕ್ಲೋಸಪ್ ಅನ್ನುವುದು ಒಂದು ತಂತ್ರ. ಇಲ್ಲಿ ಅದು ಮರ್ಯಾದೆಯ ಪ್ರಶ್ನೆ.

ಹಾಗಾದರೆ ಅವಳಿಗೆ ಕೇಳುವ ಹಕ್ಕು ಎಲ್ಲಿಂದ ಬಂತು? ನಾನು ಅರ್ಥ ಮಾಡಿಕೊಂಡದ್ದು ಹೀಗೆ. ಟೋಂಗನ್ನರು ತೌಹಿ ವಾ ಅನ್ನುತ್ತಾರೆ. ಮನುಷ್ಯ ಮನುಷ್ಯರ ನಡುವಿನ ಸಂಬಂಧವನ್ನು ಕೆಡದಂತೆ ನೋಡಿಕೊಳ್ಳುವ ಕೆಲಸ ಅದು. ಅಪ್ಪ ಕಾಣಿಕೆ ಕೊಟ್ಟು ಅದನ್ನು ನೋಡಿಕೊಳ್ಳುತ್ತಾನೆ. ಮಗಳು ಅಪ್ಪನ ಕಥೆಯನ್ನು ಪೂರ್ತಿ ಕೇಳಿಸಿಕೊಂಡು ಅದೇ ಕೆಲಸ ಮಾಡುತ್ತಾಳೆ. ಚರ್ಚಿಗೆ ದುಡ್ಡು ಕೊಡಬೇಡಿ ಅಂತ ಕೂಗುವ ಚಿತ್ರ ಮಾಡಿದ್ದರೆ ಅವಳು ಆ ಮನೆಯಿಂದ ಹೊರಗೆ ನಿಂತ ಹಾಗಾಗುತ್ತಿತ್ತು. ಅಪ್ಪ ಮಹಾತ್ಮ ಅನ್ನುವ ಚಿತ್ರ ಮಾಡಿದ್ದರೆ ಒಡಹುಟ್ಟಿದವರ ಎದುರು ನಿಲ್ಲುವುದು ಕಷ್ಟವಾಗುತ್ತಿತ್ತು. ಅವಳು ಒಳಗೇ ನಿಂತು ಕೇಳಿದಳು. ಅದಕ್ಕೇ ಈ ಚಿತ್ರದ ಬಗ್ಗೆ ನನಗೆ ಇಷ್ಟು ಗೌರವ.

ನನ್ನ ಅಭಿಪ್ರಾಯವನ್ನೂ ಮುಚ್ಚಿಡುವುದಿಲ್ಲ. ಕೊಡುವುದು ತಪ್ಪಲ್ಲ, ಮೊತ್ತವನ್ನು ಮೈಕಿನಲ್ಲಿ ಓದುವುದು ತಪ್ಪು ಅಂತ ನನಗನಿಸುತ್ತದೆ. ಓದಿದ ಕೂಡಲೇ ಅಲ್ಲಿ ಪೈಪೋಟಿ ಹುಟ್ಟುತ್ತದೆ. ಪಕ್ಕದ ಮನೆಯವರು ಇಷ್ಟು ಕೊಟ್ಟರು, ನಾವು ಕಮ್ಮಿ ಕೊಟ್ಟರೆ ಹೇಗೆ ಅನ್ನುವ ಭಯ ಭಕ್ತಿಯನ್ನು ತಿಂದುಹಾಕುತ್ತದೆ. ಚರ್ಚಿನ ಹಿರಿಯರಿಗೆ ಇದು ಗೊತ್ತಿಲ್ಲದೆ ಇಲ್ಲ. ಕೊಡಲಾರದ ಮನೆಯ ಯಜಮಾನ ಆ ದಿನ ಎಲ್ಲಿ ಕೂರಬೇಕು? ಈ ಪ್ರಶ್ನೆಗೆ ಅವರು ಉತ್ತರ ಕೊಡಬೇಕು. ಅಪ್ಪಂದಿರ ಮೇಲೆ ಹಾಕಿ ಕೈ ತೊಳೆದುಕೊಳ್ಳಬಾರದು.

ಆದರೆ ಈ ಹೊರೆಯ ಇನ್ನೊಂದು ಮುಖ 2022ರಲ್ಲಿ ಕಂಡಿತು. ಜನವರಿ 15ರಂದು ಹುಂಗಾ ಟೋಂಗಾ ಜ್ವಾಲಾಮುಖಿ ಸಮುದ್ರದಡಿ ಸಿಡಿಯಿತು. ಸುನಾಮಿ ಬಂತು, ಬೂದಿ ಬಿತ್ತು, ದೇಶಕ್ಕಿದ್ದ ಒಂದೇ ಒಂದು ಅಂತರರಾಷ್ಟ್ರೀಯ ಸಂಪರ್ಕ ಕೇಬಲ್ ತುಂಡಾಯಿತು. ಆಕ್ಲೆಂಡಿನಲ್ಲಿದ್ದವರಿಗೆ ಅಮ್ಮ ಬದುಕಿದ್ದಾಳೋ ಇಲ್ಲವೋ ಗೊತ್ತಿಲ್ಲ, ಫೋನ್ ಹೋಗುವುದಿಲ್ಲ. ಆ ಕೇಬಲ್ ಸರಿಹೋಗಲು ಐದು ವಾರ ಬೇಕಾಯಿತು. ಮಾಹಿತಿ ಬರುವವರೆಗೆ ಯಾರೂ ಕಾಯಲಿಲ್ಲ. ಮೌಂಟ್ ಸ್ಮಾರ್ಟ್ ಸ್ಟೇಡಿಯಂ ಮುಂದೆ ಕಾರುಗಳು ಸಾಲುಗಟ್ಟಿ ನಿಂತವು. ಪ್ಲಾಸ್ಟಿಕ್ ಡ್ರಮ್ಮುಗಳಲ್ಲಿ ನೀರು, ಅಕ್ಕಿ, ಹಿಟ್ಟು, ಡಬ್ಬಿ ಮಾಂಸ ತುಂಬಿ, ಮುಚ್ಚಳದ ಮೇಲೆ ಊರಿನ ನೆಂಟರ ಹೆಸರು ಬರೆದು ಕಂಟೇನರಿಗೆ ಹಾಕಿದರು. ಮಿಸಿನಾಲೆಗೆ ಗೊಣಗುವ ಮಕ್ಕಳೇ ಅಲ್ಲಿ ಡ್ರಮ್ ಹೊತ್ತರು. ಅಷ್ಟು ಬೇಗ ಅಷ್ಟು ಜನ ಸೇರಿದ್ದು ಹೇಗೆ? ಕೊಡುವುದನ್ನು ವರ್ಷವರ್ಷವೂ ರೂಢಿ ಮಾಡಿಕೊಂಡ ಜನ ಅವರು, ಚರ್ಚಿನ ಪಟ್ಟಿಯಲ್ಲಿ ಯಾರ ಮನೆ ಎಲ್ಲಿ ಅಂತ ಮೊದಲೇ ಬರೆದಿತ್ತು.

ಟೋಂಗನ್ ಬದುಕಿನ ಚಿತ್ರ ಅಂದರೆ ಬರೀ ನೋವು ಅಂತ ತಿಳಿಯಬೇಡಿ. 2023ರಲ್ಲಿ 'ರೆಡ್, ವೈಟ್ ಅಂಡ್ ಬ್ರಾಸ್' ಬಂತು. ಡೇಮನ್ ಫೆಪುಲೆಆಯಿ ನಿರ್ದೇಶನ, ಬರವಣಿಗೆಯಲ್ಲಿ ಟೋಂಗಾ ಮೂಲದ ಹಲೈಫೊನುಆ ಫಿನಾವು ಜೊತೆಗೂಡಿದ್ದರು. 2011ರ ರಗ್ಬಿ ವಿಶ್ವಕಪ್ಪಿನಲ್ಲಿ ವೆಲ್ಲಿಂಗ್ಟನ್ ಮೈದಾನದಲ್ಲಿ ಟೋಂಗಾ ಮತ್ತು ಫ್ರಾನ್ಸ್ ಪಂದ್ಯ. ಟಿಕೆಟ್ ಸಿಗದ ಹುಡುಗರು ನಾವು ಬ್ರಾಸ್ ಬ್ಯಾಂಡಿನವರು ಅಂತ ಹೇಳಿ ಒಳಗೆ ಹೋಗುವ ದಾರಿ ಹುಡುಕುತ್ತಾರೆ, ಬ್ಯಾಂಡು ಮಾತ್ರ ಇನ್ನೂ ಹುಟ್ಟೇ ಇಲ್ಲ. ನಡೆದ ಘಟನೆಯ ಮೇಲೆ ಕಟ್ಟಿದ ಕಥೆ. ಆ ಪಂದ್ಯವನ್ನು ಟೋಂಗಾ 19-14ರಿಂದ ಗೆದ್ದಿತು. ಹೊಟ್ಟೆ ತುಂಬ ನಗುತ್ತ ನೋಡಬಹುದು.

ವೇಯಾ ಮಾಫಿಲೆಓ ಅವರ ಇನ್ನೊಂದು ಕಿರುಚಿತ್ರ 'ಲೆಆ ತುಪುಆಂಗಾ' 2024ರಲ್ಲಿ ಅಮೆರಿಕದ ಸನ್‌ಡಾನ್ಸ್ ಚಿತ್ರೋತ್ಸವಕ್ಕೆ ಹೋಯಿತು. ಹೆಸರಿನ ಅರ್ಥ ತಾಯ್ನುಡಿ. ಬರೆದವರು ಲೂಸಿಯಾನ್ ಬುಕ್ಯಾನನ್. ಮಾತು ತಿದ್ದುವ ಚಿಕಿತ್ಸೆ ಕೊಡುವ ಯುವತಿಯೊಬ್ಬಳು, ತನಗೆ ಟೋಂಗನ್ ಭಾಷೆ ಚೆನ್ನಾಗಿ ಬರುತ್ತದೆ ಅಂತ ಸುಳ್ಳು ಹೇಳಿ ಕೆಲಸ ಗಿಟ್ಟಿಸುತ್ತಾಳೆ. ಆಮೇಲೆ ಒಬ್ಬ ರೋಗಿಯ ಜೀವ ಅವಳ ಕೈಗೆ ಬರುತ್ತದೆ, ಅವಳಿಗೆ ಮಾತು ಬರುವುದಿಲ್ಲ. ನ್ಯೂಜಿಲೆಂಡಿನ ಟೋಂಗನ್ನರಲ್ಲಿ ಅರ್ಧಕ್ಕಿಂತ ಜಾಸ್ತಿ ಜನ ಅಲ್ಲೇ ಹುಟ್ಟಿದವರು. ಅಪ್ಪ ಎಷ್ಟು ಕೊಟ್ಟ, ಯಾಕೆ ಕೊಟ್ಟ ಅಂತ ಕೇಳಿದ ತಲೆಮಾರು ಇದು. ಈ ಕಿರುಚಿತ್ರದಲ್ಲಿ ಕೇಳುವವರು ಬದಲಾಗಿದ್ದಾರೆ. ಹಾಸಿಗೆಯ ಮೇಲಿರುವ ಹಿರಿಯರು ಕೇಳುತ್ತಾರೆ, ಆ ಹುಡುಗಿ ಉತ್ತರ ಕೊಡಬೇಕು. ಅಪ್ಪನ ಚಿತ್ರ ನೋಡಿದ ಮೇಲೆ ಇದನ್ನೂ ಹುಡುಕಿ ನೋಡಿ, ಇದೇ ಕ್ರಮದಲ್ಲಿ ನೋಡಿ.